ಬಾನಿಯೊಳಗಿನ ನೀಲಿ

ಜಪಾನಿನ ಶಿಕೋಕು ದ್ವೀಪದ ತೊಕುಶಿಮ ಪ್ರಾಂತವು ನೀಲಿ ಬಣ್ಣಕ್ಕೆ ಹೆಸರಾದುದು. ಯೊಶಿನೊ ನದಿಯು ಉಕ್ಕಿ ಹರಿದು ತಂದ ಮೆಕ್ಕಲು ಮಣ್ಣಿನಲ್ಲಿ ಅಲ್ಲಿಯ ನೀಲಿಗಿಡ ಬೆಳೆಯಿತು. ಅದು ಭಾರತದ ನೀಲಿಗಿಡವಲ್ಲ, ಬೇರೆಯೇ ಕುಲದ್ದು. ಒಣಗಿದ ಎಲೆಗೆ ನೀರು ಚಿಮುಕಿಸಿ, ಮಗುಚಿ ಮಗುಚಿ, ಸುಮಾರು 100 ದಿನ ಕೊಳೆಯಿಸಿದಾಗ ‘ಸುಕುಮೊ’ ಎಂಬ ಗೊಬ್ಬರದಂಥ ವಸ್ತು ಸಿದ್ಧವಾಗುತ್ತದೆ. ಅದನ್ನು ಬೂದಿಯ ತಿಳಿನೀರು, ಗೋಧಿಯ ತೌಡು, ಸುಣ್ಣಗಳೊಡನೆ ಬಾನಿಯಲ್ಲಿ ಹುದುಗೆಬ್ಬಿಸುತ್ತಾರೆ. ಮೇಲೇಳುವ ನೊರೆಗೆ ಅಲ್ಲಿಯವರು ‘ನೀಲಿಯ ಹೂ’ ಎನ್ನುತ್ತಾರೆ; ಬಾನಿಯು ಜೀವಂತವಾಗಿದೆ ಎಂಬುದಕ್ಕೆ ಅದೇ ಕುರುಹು.

ಮೆಯಿಜಿ ಕಾಲದಲ್ಲಿ ಭಾರತದಿಂದ ಆಮದಾದ ನೀಲಿಯೂ, 1897ರಲ್ಲಿ ಜರ್ಮನಿಯಿಂದ ಮಾರುಕಟ್ಟೆಗಿಳಿದ ರಾಸಾಯನಿಕ ನೀಲಿಯೂ ಈ ಕಾಯಕವನ್ನು ಬಹುಮಟ್ಟಿಗೆ ನುಂಗಿದವು. ಭಾರತದ ಆ ನೀಲಿಯ ಹಿಂದೆ ಇಲ್ಲಿಯ ರೈತನ ಕಣ್ಣೀರಿತ್ತೆಂಬುದು ಬೇರೆ ಮಾತು. ಇಂದು ಸುಕುಮೊ ಮಾಡಬಲ್ಲವರು ಕೆಲವರೇ.

ಐಜುಮಿ ಪಟ್ಟಣದಲ್ಲಿ ಹಿಂದಿನ ನೀಲಿ ವರ್ತಕರೊಬ್ಬರ ಮನೆಯು ವಸ್ತುಸಂಗ್ರಹಾಲಯವಾಗಿದೆ. ಅಲ್ಲಿ ಪ್ರವಾಸಿಯೂ ಬಣ್ಣ ಹಾಕಬಹುದು. ಬಿಳಿಯ ಕರವಸ್ತ್ರವನ್ನು ಮಡಿಚಿ ಬಿಗಿದು ಕಟ್ಟುತ್ತಾನೆ. ಕಟ್ಟಿದೆಡೆ ಬಣ್ಣ ಹತ್ತದು. ಬಾನಿಯಿಂದ ತೆಗೆದೊಡನೆ ಬಟ್ಟೆಯು ಕಂದುಹಸುರಾಗಿರುವುದನ್ನು ಕಂಡು, ಕೆಟ್ಟಿತೆಂದೇ ಅಂಜುತ್ತಾನೆ. ಕಲಿಸುವವರು ಅವಸರಪಡುವುದಿಲ್ಲ. ಗಾಳಿ ಸೋಕಿದಂತೆ ಹಸುರು ಕಣ್ಣೆದುರಿಗೇ ನೀಲಿಗೆ ತಿರುಗುತ್ತದೆ. ಮತ್ತೆ ಅದ್ದಬೇಕು, ಮತ್ತೆ ಗಾಳಿಗೆ ಹಿಡಿಯಬೇಕು, ಅದ್ದಿದಷ್ಟೂ ಗಾಢ. ಇಷ್ಟರಿಂದ ವಿದ್ಯೆ ಕೈಗೂಡಿತೆಂದು ಬಗೆಯುವುದು ಸಲ್ಲದು. ಆದರೆ ಕರವಸ್ತ್ರವನ್ನು ತೊಳೆದು ಕಟ್ಟು ಬಿಚ್ಚುವಾಗ, ಎಲ್ಲಿ ಬಿಳುಪು ಉಳಿದಿದೆಯೋ ಎಂದು ಅವನು ಉಸಿರು ಬಿಗಿಹಿಡಿದು ನೋಡುತ್ತಾನೆ.