ಮೀಸೆಯಿಲ್ಲದ ಜಗಜ್ಜಟ್ಟಿ

'ಜಟ್ಟಿ ಕೆಳಗೆ ಬಿದ್ದರೂ ಮೀಸೆ ಮಣ್ಣಾಗಲಿಲ್ಲ' ಎಂಬ ಗಾದೆಯನ್ನು ಕೇಳದ ಕನ್ನಡಿಗರಿಲ್ಲ. ಗರಡಿಯ ಕೆಮ್ಮಣ್ಣಿನಲ್ಲಿ ಹುಟ್ಟಿದ ಮಾತಾದರೂ ಇದಕ್ಕೆ ಗರಡಿಯ ಎಲ್ಲೆಯಿಲ್ಲ. ನಪಾಸಾದ ಹುಡುಗ ಪ್ರಶ್ನಪತ್ರಿಕೆಯನ್ನು ಬೈಯುವಾಗ, ಠೇವಣಿ ಕಳೆದುಕೊಂಡ ಉಮೇದುವಾರರು ಮಳೆಯನ್ನು ದೂರುವಾಗ, ಸಾರಿಗೆ ಉಪ್ಪು ಹೆಚ್ಚಾದುದಕ್ಕೆ ಉಪ್ಪಿನ ವ್ಯಾಪಾರಿಯೇ ಹೊಣೆಯಾಗುವಾಗ, ಈ ಗಾದೆ ತಾನಾಗಿ ನಾಲಗೆಯ ತುದಿಗೆ ಬರುತ್ತದೆ. ಸೋಲು ಯಾರನ್ನೂ ಬಿಟ್ಟಿದ್ದಲ್ಲ. ಸೋತೆನೆಂದು ಒಪ್ಪಿಕೊಳ್ಳುವುದು ಮಾತ್ರ ಎಲ್ಲರಿಗೂ ಕಷ್ಟ.

ಗೆಲುವೇ ಕಸುಬಾಗಿದ್ದ ಮನುಷ್ಯನಿಗೆ ಆ ಕಷ್ಟ ಇನ್ನೂ ಹೆಚ್ಚಿನದು. ಅದನ್ನು ಗದ್ದಲವಿಲ್ಲದೆ ಹೊತ್ತವನು ಅಮೆರಿಕದ ಮುಷ್ಟಿಮಲ್ಲ ಜೋ ಲೂಯಿಸ್. ಅವನ ಪ್ರಾಯದ ದಿನಗಳ ಚಿತ್ರಗಳಲ್ಲಿ ಕಾಣುವುದು ನುಣುಪಾದ ದುಂಡುಮುಖ, ಅರೆನಿದ್ದೆಯಲ್ಲಿರುವಂತಹ ಕಣ್ಣು, ಒಳಗಿನ ಭಾವವನ್ನು ಹೊರಗೆ ಬಿಡದ ತುಟಿ. ಮಣ್ಣಾಗುವುದಕ್ಕೆ ಮೀಸೆಯೇ ಇಲ್ಲ! ವೃತ್ತಿಪಂದ್ಯಗಳ ದಾಖಲೆಯಲ್ಲಿ ಅವನ ಹೆಸರಿನ ಮುಂದೆ ಇರುವ ಅಂಕಗಳು ಇವು: ಕಾದಿದ್ದು 69, ಗೆದ್ದದ್ದು 66, ಅದರಲ್ಲಿ ಎದುರಾಳಿಯನ್ನು ಮುಂದೆ ಕಾದಲಾರದಂತೆ ಕೆಡವಿ ಗೆದ್ದದ್ದು 52, ಸೋತದ್ದು 3. 1937ರ ಜೂನಿನಿಂದ 1949ರ ಮಾರ್ಚಿಯವರೆಗೆ, ಎಂದರೆ ಹನ್ನೊಂದು ವರ್ಷ ಎಂಟು ತಿಂಗಳ ಕಾಲ, ಹೆವಿವೆಯ್ಟ್ ವರ್ಗದ ಜಗಜ್ಜಟ್ಟಿಯ ಪಟ್ಟ ಅವನದಾಗಿತ್ತು. ಆ ಪಟ್ಟವನ್ನು ಇಪ್ಪತ್ತೈದು ಬಾರಿ ಪಣಕ್ಕೊಡ್ಡಿ ಇಪ್ಪತ್ತೈದು ಬಾರಿಯೂ ಉಳಿಸಿಕೊಂಡನು. ಆ ವರ್ಗದಲ್ಲಿ ಈ ಎಣಿಕೆಯನ್ನು ಇಂದಿಗೂ ಯಾರೂ ದಾಟಿಲ್ಲ.

ಅಂಕಗಳನ್ನು ಓದುವವರ ಕಣ್ಣು ಸಹಜವಾಗಿ 66ರ ಮೇಲೆ ನಿಲ್ಲುತ್ತದೆ. ಮನುಷ್ಯನನ್ನು ಓದಬೇಕೆನ್ನುವವರು ಮಾತ್ರ ಕೊನೆಯ ಆ ಮೂರನ್ನು ಓದಬೇಕು.

1914ರ ಮೇ 13ರಂದು ಅಮೆರಿಕದ ದಕ್ಷಿಣ ಭಾಗದ ಅಲಬಾಮಾ ಸಂಸ್ಥಾನದಲ್ಲಿ, ಲಫಾಯೆಟ್ ಎಂಬ ಊರಿನ ಸಮೀಪದ ಹತ್ತಿಯ ಸೀಮೆಯಲ್ಲಿ ಅವನು ಹುಟ್ಟಿದನು. ಪೂರ್ಣ ಹೆಸರು ಜೋಸೆಫ್ ಲೂಯಿಸ್ ಬ್ಯಾರೋ. ಎಂಟು ಮಕ್ಕಳಲ್ಲಿ ಏಳನೆಯವನು. ಬೇರೆಯವರ ಹೊಲವನ್ನು ವಾರಕ್ಕೆ ಮಾಡುವ ಬಡ ಕಪ್ಪು ಕುಟುಂಬ. ಮಗುವಿಗೆ ಎರಡು ವರ್ಷವಾಗುವಷ್ಟರಲ್ಲಿ ತಂದೆ ಹುಚ್ಚಾಸ್ಪತ್ರೆ ಸೇರಿದನು. ತಾಯಿ ಲಿಲ್ಲಿ ಮುಂದೆ ಮರುಮದುವೆಯಾದಳು. 1926ರಲ್ಲಿ ಸಂಸಾರ ಉತ್ತರದ ಡೆಟ್ರಾಯಿಟ್ ನಗರಕ್ಕೆ ಬಂದಿತು. ಅದು ಮೋಟಾರು ಕಾರ್ಖಾನೆಗಳ ಊರು. ದುಡಿಯುವ ಕೈಗೆ ಕೆಲಸವುಂಟೆಂಬ ಆಸೆ. ಆದರೆ ಕೆಲವೇ ವರ್ಷಗಳಲ್ಲಿ ಆರ್ಥಿಕ ಮುಗ್ಗಟ್ಟು ಬಂದು ಕಾರ್ಖಾನೆಗಳು ಸೊರಗಿದುವು. ಸಂಸಾರ ನಗರಸಭೆಯ ಪರಿಹಾರದ ಹಣದಿಂದ ಹೊಟ್ಟೆ ಹೊರೆಯಬೇಕಾಯಿತು.

ತಾಯಿಗೆ ಮಗ ಪಿಟೀಲು ಕಲಿಯಬೇಕೆಂಬ ಹಂಬಲ. ಅವಳು ಪಾಠಕ್ಕೆಂದು ಕೊಡುತ್ತಿದ್ದ ಬಿಡಿಗಾಸನ್ನು ಹುಡುಗ ವ್ಯಾಯಾಮಶಾಲೆಗೆ ಕಟ್ಟಿದನು. ಪಿಟೀಲಿನ ಪೆಟ್ಟಿಗೆಯೊಳಗೆ ಮುಷ್ಟಿಯುದ್ಧದ ಕೈಗವಸುಗಳು ಸೇರಿದುವೆಂದು ಕಥೆ. ಗುಟ್ಟು ಬಯಲಾದಾಗ ತಾಯಿ ಮಗನ ಇಷ್ಟಕ್ಕೆ ಅಡ್ಡ ಬರಲಿಲ್ಲ. 1932ರಲ್ಲಿ, ಹವ್ಯಾಸಿಯಾಗಿ ಆಡಿದ ಮೊದಲನೆಯ ಪಂದ್ಯದಲ್ಲಿ ಅವನು ಏಳು ಸಲ ನೆಲಕ್ಕೆ ಬಿದ್ದನು. ಏಳು ಸಲವೂ ಎದ್ದನು, ಪಂದ್ಯವನ್ನು ಸೋತನು. ವೃತ್ತಿಯ ಲೆಕ್ಕಕ್ಕೆ ಈ ಸೋಲು ಸೇರುವುದಿಲ್ಲ; ಆದರೆ ಬಿದ್ದು ಏಳುವ ಪಾಠ ಆರಂಭವಾದದ್ದು ಅಲ್ಲಿಂದಲೇ.

1934ರ ಜುಲೈ 4ರಂದು ಷಿಕಾಗೋದಲ್ಲಿ ಅವನು ವೃತ್ತಿಪರನಾಗಿ ಅಖಾಡಕ್ಕಿಳಿದು ಮೊದಲನೆಯ ಸುತ್ತಿನಲ್ಲಿಯೇ ಗೆದ್ದನು. ತರಬೇತಿ ಕೊಟ್ಟವನು ಜ್ಯಾಕ್ ಬ್ಲ್ಯಾಕ್‌ಬರ್ನ್ ಎಂಬ ಹಳೆಯ ಹುಲಿ. ವ್ಯವಸ್ಥಾಪಕರಾದ ಜಾನ್ ರಾಕ್ಸ್‌ಬರೊ ಮತ್ತು ಜೂಲಿಯನ್ ಬ್ಲ್ಯಾಕ್ ಹುಡುಗನಿಗೆ ಮುಷ್ಟಿಯ ಹೊರಗಿನ ಕೆಲವು ನಿಯಮಗಳನ್ನೂ ವಿಧಿಸಿದರು. ಇಪ್ಪತ್ತು ವರ್ಷಗಳ ಹಿಂದೆ, ಕಪ್ಪು ಜನರಲ್ಲಿ ಪ್ರಥಮ ಜಗಜ್ಜಟ್ಟಿಯಾಗಿದ್ದ ಜ್ಯಾಕ್ ಜಾನ್ಸನ್ ತನ್ನ ಗೆಲುವನ್ನು ಮೆರೆಸಿ ಬಿಳಿಯರ ಕೆಂಗಣ್ಣಿಗೆ ಗುರಿಯಾಗಿದ್ದನು. 1915ರಲ್ಲಿ ಅವನು ಸೋತ ಮೇಲೆ ಕಪ್ಪು ಜನರಿಗೆ ಆ ಪಟ್ಟದ ಬಾಗಿಲೇ ಮುಚ್ಚಿದಂತಾಗಿತ್ತು. ಆದುದರಿಂದ ಲೂಯಿಸ್ ಬಿದ್ದ ಎದುರಾಳಿಯ ಮುಂದೆ ಹಿಗ್ಗಬಾರದು; ಅವನನ್ನು ಹೀಯಾಳಿಸಬಾರದು; ಬಾಳಿನಲ್ಲಿಯೂ ಆಟದಲ್ಲಿಯೂ ಕಳಂಕ ತಂದುಕೊಳ್ಳಬಾರದು. ಗೆದ್ದಾಗ ನಗದಿರುವುದನ್ನು ಕಲಿಯಬೇಕಾಗಿ ಬಂದ ಜಟ್ಟಿಗಳು ಲೋಕದಲ್ಲಿ ಹೆಚ್ಚು ಮಂದಿ ಇರಲಾರರು.

1935ರಲ್ಲಿ ಇಟಲಿಯ ಪರ್ವತಕಾಯ ಪ್ರಿಮೊ ಕಾರ್ನೆರಾ ಆರನೆಯ ಸುತ್ತಿನಲ್ಲಿಯೂ ಮ್ಯಾಕ್ಸ್ ಬೇರ್ ನಾಲ್ಕನೆಯ ಸುತ್ತಿನಲ್ಲಿಯೂ ಅವನ ಮುಷ್ಟಿಗೆ ಶರಣಾದರು. ಇಬ್ಬರೂ ಮಾಜಿ ಜಗಜ್ಜಟ್ಟಿಗಳು. ಇಪ್ಪತ್ತೊಂದು ವರ್ಷದ ಹುಡುಗನನ್ನು ಸೋಲಿಸುವವರು ಹುಟ್ಟಿಲ್ಲವೆಂದು ಪತ್ರಿಕೆಗಳು ಬರೆದುವು. ಹುಡುಗನೂ ಅದನ್ನು ನಂಬಿದನು. ಮುಂದಿನ ಪಂದ್ಯದ ತಯಾರಿಯ ದಿನಗಳಲ್ಲಿ ಅವನ ಮನಸ್ಸು ಗರಡಿಗಿಂತ ಹೆಚ್ಚಾಗಿ ಗಾಲ್ಫ್ ಮೈದಾನದ ಮೇಲಿತ್ತು.

ಎದುರಾಳಿ ಜರ್ಮನಿಯ ಮ್ಯಾಕ್ಸ್ ಷ್ಮೆಲಿಂಗ್, ಮೂವತ್ತು ವರ್ಷದ ಮಾಜಿ ಜಗಜ್ಜಟ್ಟಿ. ಅವನ ಕಾಲ ಮುಗಿಯಿತೆಂದು ಎಲ್ಲರೂ ಎಣಿಸಿದ್ದರು. ಆದರೆ ಆ ಮನುಷ್ಯ ಲೂಯಿಸನ ಪಂದ್ಯಗಳ ಚಲಚ್ಚಿತ್ರಗಳನ್ನು ಮತ್ತೆ ಮತ್ತೆ ನೋಡಿ ಒಂದು ಸಣ್ಣ ದೋಷವನ್ನು ಹಿಡಿದಿದ್ದನು. ಎಡಗೈಯಿಂದ ನೇರವಾದ ಚುಚ್ಚುಪೆಟ್ಟನ್ನು ಕೊಟ್ಟು ಕೈಯನ್ನು ಹಿಂದಕ್ಕೆಳೆಯುವಾಗ ಲೂಯಿಸ್ ಅದನ್ನು ಗಲ್ಲದ ಮಟ್ಟಕ್ಕೆ ತರದೆ ಕೆಳಗೆ ಬಿಡುತ್ತಿದ್ದನು. ಒಂದು ಕ್ಷಣದ ಮಟ್ಟಿಗೆ ಗಲ್ಲದ ಬಾಗಿಲು ತೆರೆದಿರುತ್ತಿತ್ತು. ಷ್ಮೆಲಿಂಗನಿಗೆ ಆ ಕ್ಷಣವೇ ಸಾಕಾಗಿತ್ತು. 1936ರ ಜೂನ್ 19ರ ರಾತ್ರಿ ನ್ಯೂಯಾರ್ಕಿನ ಯಾಂಕೀ ಕ್ರೀಡಾಂಗಣದಲ್ಲಿ ಅವನ ಬಲಗೈ ಆ ತೆರೆದ ಬಾಗಿಲಲ್ಲಿ ಮತ್ತೆ ಮತ್ತೆ ನುಗ್ಗಿತು. ನಾಲ್ಕನೆಯ ಸುತ್ತಿನಲ್ಲಿ ಲೂಯಿಸ್ ಬಿದ್ದನು. ಎದ್ದು ಎಂಟು ಸುತ್ತು ಪೆಟ್ಟು ತಿಂದು, ಹನ್ನೆರಡನೆಯದರಲ್ಲಿ ಮತ್ತೆ ಬಿದ್ದು, ಹತ್ತು ಎಣಿಸುವವರೆಗೂ ಏಳಲಿಲ್ಲ.

ಇದು ಮೊದಲನೆಯ ಸೋಲು. ಕಪ್ಪು ಜನರ ಕೇರಿಗಳಲ್ಲಿ ಜನ ಬೀದಿಗೆ ಬಂದು ಅತ್ತರು. ಅವರ ಪಾಲಿಗೆ ಬಿದ್ದವನು ಒಬ್ಬ ಆಟಗಾರನಲ್ಲ. ತಲೆಯೆತ್ತಿ ನಡೆಯಬಹುದೆಂಬ ಆಸೆಯೇ ಬಿದ್ದಂತಾಗಿತ್ತು. ಲೂಯಿಸನಿಗೆ ಯಾರೋ ಮದ್ದು ಹಾಕಿದ್ದಾರೆಂಬ ವದಂತಿ ಹಬ್ಬಿತು. ಮೀಸೆಯ ಮಣ್ಣನ್ನು ಒರಸಿಕೊಳ್ಳಲು ಇದಕ್ಕಿಂತ ಒಳ್ಳೆಯ ವಸ್ತ್ರ ಬೇಕೆ? ಲೂಯಿಸ್ ಅದನ್ನು ಕೈಗೆತ್ತಿಕೊಳ್ಳಲಿಲ್ಲ. ಬ್ಲ್ಯಾಕ್‌ಬರ್ನನ ಬಳಿಗೆ ಹಿಂದಿರುಗಿ, ಎಡಗೈಯನ್ನು ಗಲ್ಲದ ಮಟ್ಟದಲ್ಲಿ ಹಿಡಿಯುವುದನ್ನು ಮೊದಲಿನಿಂದ ಕಲಿತನು.

ಮರುವರ್ಷ, 1937ರ ಜೂನ್ 22ರಂದು, ಷಿಕಾಗೋದಲ್ಲಿ ಜೇಮ್ಸ್ ಬ್ರ್ಯಾಡಕ್‌ನನ್ನು ಎಂಟನೆಯ ಸುತ್ತಿನಲ್ಲಿ ಕೆಡವಿ ಅವನು ಜಗಜ್ಜಟ್ಟಿಯಾದನು. ಆ ಪಂದ್ಯದ ಮೊದಲನೆಯ ಸುತ್ತಿನಲ್ಲಿ ತಾನೇ ಬಿದ್ದು ಎದ್ದಿದ್ದನೆಂಬುದು ಗಮನಾರ್ಹ. ಆದರೂ ಷ್ಮೆಲಿಂಗನನ್ನು ಗೆಲ್ಲುವವರೆಗೆ ತನ್ನನ್ನು ಜಗಜ್ಜಟ್ಟಿಯೆಂದು ಕರೆಯಬೇಡಿರೆಂಬ ಭಾವ ಅವನದು. ಆ ದಿನ ಸರಿಯಾಗಿ ಒಂದು ವರ್ಷದ ಮೇಲೆ ಬಂದಿತು. ಅಷ್ಟರಲ್ಲಿ ಹಿಟ್ಲರನ ಸರಕಾರ ಷ್ಮೆಲಿಂಗನ ಗೆಲುವನ್ನು ತನ್ನ ಜನಾಂಗದ ಮೇಲ್ಮೆಗೆ ಸಾಕ್ಷಿಯೆಂದು ಸಾರಿಕೊಂಡಿತ್ತು. ಎಪ್ಪತ್ತು ಸಾವಿರ ಜನ ಕ್ರೀಡಾಂಗಣದಲ್ಲಿ ಸೇರಿದರು. ಕೋಟಿಗಟ್ಟಲೆ ಜನ ರೇಡಿಯೋ ಮುಂದೆ ಕುಳಿತರು. ತಡವಾಗಿ ಬಂದವರಿಗೆ ನೋಡಲು ಏನೂ ಉಳಿದಿರಲಿಲ್ಲ. ಷ್ಮೆಲಿಂಗ್ ಮೂರು ಸಲ ಬಿದ್ದನು. 124 ಸೆಕೆಂಡುಗಳಲ್ಲಿ ಎಲ್ಲವೂ ಮುಗಿಯಿತು. ಬೆನ್ನೆಲುಬಿಗೆ ಪೆಟ್ಟಾಗಿ ಅವನು ಆಸ್ಪತ್ರೆ ಸೇರಿದನು.

ಈ ಷ್ಮೆಲಿಂಗನಾದರೂ ಲೋಕ ತಿಳಿದಂತಹ ಖಳನಲ್ಲ. ನಾಜಿ ಪಕ್ಷಕ್ಕೆ ಅವನು ಸೇರಲಿಲ್ಲ. ಯೆಹೂದ್ಯನಾದ ತನ್ನ ವ್ಯವಸ್ಥಾಪಕನನ್ನು ಬಿಡೆಂದರೂ ಬಿಡಲಿಲ್ಲ. ಅದೇ 1938ರ ನವೆಂಬರಿನಲ್ಲಿ ಯೆಹೂದ್ಯರ ಮನೆ ಅಂಗಡಿಗಳು ಉರಿದಾಗ, ಸ್ನೇಹಿತನೊಬ್ಬನ ಇಬ್ಬರು ಮಕ್ಕಳನ್ನು ತನ್ನ ಬಿಡಾರದಲ್ಲಿ ಅಡಗಿಸಿ ಕಾಪಾಡಿದನು. ಈ ಮಾತು ಬೆಳಕಿಗೆ ಬಂದದ್ದು ಹಲವು ದಶಕಗಳ ಮೇಲೆ.

ಪಟ್ಟವೇರಿದ ಲೂಯಿಸ್ ಅದನ್ನು ಬೀರುವಿನಲ್ಲಿ ಬಚ್ಚಿಡಲಿಲ್ಲ. 1940ರ ಡಿಸೆಂಬರಿನಿಂದ 1941ರ ಜೂನಿನವರೆಗೆ ತಿಂಗಳಿಗೊಂದರಂತೆ ಏಳು ಸಲ ಪಣಕ್ಕಿಟ್ಟನು. ಏಳನೆಯ ಎದುರಾಳಿ ಬಿಲ್ಲಿ ಕಾನ್ ಅವನಿಗಿಂತ ಸುಮಾರು 25 ಪೌಂಡು ಹಗುರ, ಆದರೆ ಮಿಂಚಿನಂತಹ ಕಾಲು. ಹನ್ನೆರಡು ಸುತ್ತು ಮುಗಿದಾಗ ಮೂವರು ತೀರ್ಪುಗಾರರಲ್ಲಿ ಇಬ್ಬರ ಲೆಕ್ಕದಲ್ಲಿ ಕಾನನೇ ಮುಂದಿದ್ದನು. ಹದಿಮೂರನೆಯದರಲ್ಲಿ ಅವನು ಲೂಯಿಸನನ್ನು ಕೆಡವಿಯೇ ಗೆಲ್ಲುವೆನೆಂದು ಮುನ್ನುಗ್ಗಿ, ಆ ಸುತ್ತು ಮುಗಿಯಲು ಎರಡು ಸೆಕೆಂಡು ಉಳಿದಿರುವಾಗ ತಾನೇ ಸೋತನು.

ಯುದ್ಧ ಬಂದಾಗ, 1942ರ ಜನವರಿಯಲ್ಲಿ, ಲೂಯಿಸ್ ಒಂದು ಪಂದ್ಯದ ತನ್ನ ಪಾಲಾದ ಸುಮಾರು 47,000 ಡಾಲರುಗಳನ್ನು ನೌಕಾಪಡೆಯ ಪರಿಹಾರ ನಿಧಿಗೆ ಕೊಟ್ಟನು. ಆ ನೌಕಾಪಡೆಯಲ್ಲಿ ಕಪ್ಪು ಜನರಿಗೆ ಅಂದು ದೊರೆಯುತ್ತಿದ್ದುದು ಬಹುಮಟ್ಟಿಗೆ ಅಡಿಗೆ ಬಡಿಸುವ ಕೆಲಸ. ಮಾರ್ಚಿಯಲ್ಲಿ ಮತ್ತೊಂದು ಪಂದ್ಯದ ಹಣ ಭೂಸೇನೆಯ ನಿಧಿಗೆ ಹೋಯಿತು. ತಾನೂ ಸಾಮಾನ್ಯ ಸಿಪಾಯಿಯಾಗಿ ಸೇರಿ, ಯುದ್ಧ ಮುಗಿಯುವವರೆಗೆ ಸೈನಿಕರ ಶಿಬಿರಗಳಲ್ಲಿ ಪ್ರದರ್ಶನ ಪಂದ್ಯಗಳನ್ನಾಡಿದನು. ತನ್ನ ಸಂಸಾರ ಹಿಂದೆ ಪಡೆದಿದ್ದ ಪರಿಹಾರದ ಹಣವನ್ನು ಡೆಟ್ರಾಯಿಟ್ ನಗರಕ್ಕೆ ಅವನು ಆಗಲೇ ಹಿಂದಿರುಗಿಸಿಯಾಗಿತ್ತು. ಕೇಳಿದವರಿಗೆ ಇಲ್ಲವೆನ್ನದ ಕೈ. ಲೆಕ್ಕವಿಡಲು ತಿಳಿಯದ ಕೈ.

ಯುದ್ಧಾನಂತರ ಕೈಕಾಲು ಮಂದವಾದುವು. 1947ರ ಡಿಸೆಂಬರಿನಲ್ಲಿ ಜರ್ಸಿ ಜೋ ವಾಲ್ಕಟ್ ಅವನನ್ನು ಎರಡು ಸಲ ಕೆಡವಿದನು. ಸೋತೆನೆಂದೇ ಬಗೆದ ಲೂಯಿಸ್ ತೀರ್ಪನ್ನು ಕೇಳುವ ಮುನ್ನವೇ ಅಖಾಡದಿಂದ ಇಳಿಯಲು ಹೊರಟನು. ತೀರ್ಪು ಅವನ ಪರವಾಗಿ ಬಂದಾಗ ಜನ ಕೂಗಿ ಪ್ರತಿಭಟಿಸಿದರು. ಆರು ತಿಂಗಳ ಮೇಲೆ ಮತ್ತೆ ವಾಲ್ಕಟ್ಟನೊಡನೆ ಕಾದಿ, ಹನ್ನೊಂದನೆಯ ಸುತ್ತಿನಲ್ಲಿ ಕೆಡವಿ, ಆ ಸಂದೇಹವನ್ನು ಕಳೆದನು. 1949ರ ಮಾರ್ಚಿಯಲ್ಲಿ ಪಟ್ಟವನ್ನು ತಾನಾಗಿ ಬಿಟ್ಟುಕೊಟ್ಟು ನಿವೃತ್ತನಾದನು.

ಅಲ್ಲಿಗೇ ಮುಗಿದಿದ್ದರೆ ಸೋಲು ಒಂದೇ ಆಗುತ್ತಿತ್ತು. ಆದರೆ ಅಖಾಡದಲ್ಲಿ ಕಾಣದ ಎದುರಾಳಿಯೊಬ್ಬ ಹೊರಗೆ ಕಾದಿದ್ದನು. 1950ರಲ್ಲಿ ಆದಾಯ ತೆರಿಗೆಯ ಇಲಾಖೆ ಐದು ಲಕ್ಷಕ್ಕೂ ಮೀರಿದ ಡಾಲರುಗಳ ಬಾಕಿಯನ್ನು ತೋರಿಸಿತು. ಗಳಿಕೆಯಲ್ಲಿ ಬಹುಭಾಗ ವ್ಯವಸ್ಥಾಪಕರ ಪಾಲಿಗೆ, ದಾನಕ್ಕೆ, ದುಂದಿಗೆ ಹೋಗಿತ್ತು. ಉಳಿದಿದ್ದ ಬಂಡವಾಳ ಎರಡು ಮುಷ್ಟಿ ಮಾತ್ರ. 1950ರ ಸೆಪ್ಟೆಂಬರ್ 27ರಂದು ಅವನು ಮತ್ತೆ ಅಖಾಡಕ್ಕಿಳಿದು, ತನ್ನನ್ನೇ ಆದರ್ಶವೆಂದು ತಿಳಿದು ಬೆಳೆದಿದ್ದ ಎಜರ್ಡ್ ಚಾರ್ಲ್ಸನಿಗೆ ಹದಿನೈದು ಸುತ್ತುಗಳ ತೀರ್ಪಿನಲ್ಲಿ ಸೋತನು. ಇದು ಎರಡನೆಯದು.

ಬಡ್ಡಿ ನಿಲ್ಲಲಿಲ್ಲವಾದುದರಿಂದ ಕಾದಾಟವೂ ನಿಲ್ಲಲಿಲ್ಲ. ಎಂಟು ಗೆಲುವುಗಳಾದ ಮೇಲೆ, 1951ರ ಅಕ್ಟೋಬರ್ 26ರಂದು, ಮೂವತ್ತೇಳು ವರ್ಷದ ಲೂಯಿಸನ ಎದುರಿಗೆ ಇಪ್ಪತ್ತೆಂಟು ವರ್ಷದ ರಾಕಿ ಮಾರ್ಸಿಯಾನೊ ನಿಂತನು. ಮುಂದೆ 49 ಪಂದ್ಯಗಳನ್ನಾಡಿ ಒಂದನ್ನೂ ಸೋಲದೆ ನಿವೃತ್ತನಾದ ವೀರನೀತ. ಎಂಟನೆಯ ಸುತ್ತಿನಲ್ಲಿ ಅವನ ಪೆಟ್ಟಿಗೆ ಲೂಯಿಸ್ ಹಗ್ಗಗಳ ನಡುವೆ ತೂರಿ ಅಖಾಡದ ಅಂಚಿಗೆ ಒರಗಿದನು. ಅಂದು ಗೆದ್ದವನು ಅತ್ತನು, ಸೋತವನು ಅಳಲಿಲ್ಲ. ಉತ್ತಮನಾದವನು ಗೆದ್ದನೆಂದಷ್ಟೆ ಹೇಳಿ ಕೈಗವಸುಗಳನ್ನು ಶಾಶ್ವತವಾಗಿ ಕಳಚಿದನು. ಇದು ಮೂರನೆಯದು, ಕೊನೆಯದು.

ತೆರಿಗೆಯ ಬಾಕಿ ಬೆಳೆದು ಹತ್ತು ಲಕ್ಷವನ್ನು ದಾಟಿತು. 1953ರಲ್ಲಿ ತಾಯಿ ತೀರಿಕೊಂಡಾಗ ಅವಳು ಮಗನಿಗೆ ಬಿಟ್ಟುಹೋದ ಕೆಲವು ನೂರು ಡಾಲರುಗಳೂ ಆ ಬಾಕಿಗೇ ಸಂದುವು. ಜಗಜ್ಜಟ್ಟಿಯಾಗಿದ್ದವನು 1956ರಲ್ಲಿ ಹಣಕ್ಕಾಗಿ ಕುಸ್ತಿಯ ವೇಷ ಹಾಕಿದನು. ಕಡೆಗೆ ಇಲಾಖೆಯೇ ಕನಿಕರಿಸಿ ಅವನ ಅಂದಂದಿನ ಸಂಪಾದನೆಗೆ ತಕ್ಕಷ್ಟು ತೆರಿಗೆಯನ್ನು ಮಾತ್ರ ಕೇಳತೊಡಗಿತು. ಮುಂದೆ ಲಾಸ್ ವೇಗಾಸಿನ ವಿಲಾಸಿ ಹೋಟೆಲೊಂದರಲ್ಲಿ ಅತಿಥಿಗಳನ್ನು ನಗುಮುಖದಿಂದ ಎದುರುಗೊಳ್ಳುವ ಕೆಲಸ ದೊರೆಯಿತು. ಮನಸ್ಸು ಕೆಟ್ಟು ಕೆಲಕಾಲ ಆಸ್ಪತ್ರೆಯೂ ಆಯಿತು. 1977ರಿಂದ ಹೃದಯರೋಗ, ಗಾಲಿಕುರ್ಚಿ. 1981ರ ಏಪ್ರಿಲ್ 11ರ ರಾತ್ರಿ ಅದೇ ಕುರ್ಚಿಯಲ್ಲಿ ಕುಳಿತು ಒಂದು ಜಗಜ್ಜಟ್ಟಿ ಪಂದ್ಯವನ್ನು ನೋಡಿದನು. ಮರುದಿನ ತೀರಿಕೊಂಡನು.

ಆರ್ಲಿಂಗ್‌ಟನ್ ಎಂಬುದು ಅಮೆರಿಕದ ವೀರಯೋಧರ ಸಮಾಧಿಭೂಮಿ. ಅಧ್ಯಕ್ಷ ರೇಗನ್ ನಿಯಮವನ್ನು ಸಡಿಲಿಸಿ ಲೂಯಿಸನಿಗೆ ಅಲ್ಲಿ ಸ್ಥಳ ಕೊಡಿಸಿದರು. ಅಂತ್ಯಕ್ರಿಯೆಯ ಖರ್ಚಿಗೆ ನೆರವಾದವರಲ್ಲಿ ಒಬ್ಬನು ಮ್ಯಾಕ್ಸ್ ಷ್ಮೆಲಿಂಗ್. ಯುದ್ಧಾನಂತರ ಜರ್ಮನಿಯಲ್ಲಿ ತಂಪುಪಾನೀಯದ ವ್ಯಾಪಾರದಿಂದ ಅನುಕೂಲಸ್ಥನಾಗಿದ್ದ ಅವನು, 1954ರಲ್ಲಿ ತಾನಾಗಿ ಷಿಕಾಗೋದವರೆಗೆ ಹೋಗಿ ಲೂಯಿಸನನ್ನು ಕಂಡಿದ್ದನು. ಅಂದಿನಿಂದ ಇಬ್ಬರೂ ಸ್ನೇಹಿತರು. ಹಳೆಯ ಎದುರಾಳಿ 2005ರವರೆಗೆ, ತೊಂಬತ್ತೊಂಬತ್ತು ವರ್ಷ, ಬಾಳಿದನು.

ಅರವತ್ತಾರು ಗೆಲುವುಗಳು ಲೂಯಿಸನಿಗೆ ಪಟ್ಟವನ್ನೂ ಜಯಘೋಷವನ್ನೂ ಕೊಟ್ಟುವು. ಕೊಟ್ಟದ್ದನ್ನು ಕಾಲ ಹಿಂದಕ್ಕೆ ಪಡೆಯಿತು. ಮೂರು ಸೋಲುಗಳಲ್ಲಿ ಮೊದಲನೆಯದು ಅವನಿಗೆ ಕೊಟ್ಟದ್ದು ಮಾತ್ರ ಕೊನೆಯವರೆಗೂ ಉಳಿಯಿತು: ಕೈಯನ್ನು ಎಲ್ಲಿ ಹಿಡಿಯಬೇಕೆಂಬ ಪಾಠ, ಮತ್ತು ಸಮಾಧಿಯವರೆಗೂ ಬಿಡದ ಒಬ್ಬ ಸ್ನೇಹಿತ. ಬಿದ್ದಾಗ ಮೀಸೆಯನ್ನು ಮುಟ್ಟಿ ನೋಡಿಕೊಳ್ಳುವವನ ಕೈಗೆ ಇವೆರಡೂ ಸಿಕ್ಕುವುದಿಲ್ಲ.