ಬಾಯಿ ಬಿಟ್ಟರೆ ಗೊತ್ತಾಗುತ್ತೆ

‘ಪುಷ್ಪಕ ವಿಮಾನ’ ನೋಡಿದ್ದೀರಾ? ಕನ್ನಡ ಸಿನಿಮಾಕ್ಕೆ 1934ರಲ್ಲೇ ‘ಸತಿ ಸುಲೋಚನ’ದಿಂದ ಮಾತು ಬಂದಿತ್ತು. ಅದಾಗಿ 53 ವರ್ಷಕ್ಕೆ, 1987ರಲ್ಲಿ, ಸಿಂಗೀತಂ ಶ್ರೀನಿವಾಸರಾವ್ ಮತ್ತೆ ಮಾತೇ ಇಲ್ಲದ ಕಾಮಿಡಿ ತೆಗೆದರು. ನಿರ್ಮಾಪಕರು ಶೃಂಗಾರ್ ನಾಗರಾಜ್.

ಒಂದೇ ಬಚ್ಚಲಿಗೆ ಸಾಲು ನಿಲ್ಲುವ ವಠಾರದಲ್ಲಿ ಇರೋ ನಿರುದ್ಯೋಗಿ ಕಮಲ್ ಹಾಸನ್. ರಸ್ತೆಯಲ್ಲಿ ಕುಡಿದು ಬಿದ್ದ ಶ್ರೀಮಂತನನ್ನು ತನ್ನ ಕೋಣೆಯಲ್ಲಿ ಕಟ್ಟಿಹಾಕಿ, ಅವನ ಹೋಟೆಲ್ ಕೀ ಹಿಡಿದು ಸಾಹೇಬನಾಗ್ತಾನೆ. ಆ ಹೋಟೆಲ್ ಬೆಂಗಳೂರಿನ ವಿಂಡ್ಸರ್ ಮ್ಯಾನರ್. 1931ರ ಚಾಪ್ಲಿನ್ ಸಿನಿಮಾ ‘ಸಿಟಿ ಲೈಟ್ಸ್’ನಲ್ಲೂ ಒಬ್ಬ ಕುಡುಕ ಶ್ರೀಮಂತ ಇದ್ದಾನೆ. ನಶೆಯಲ್ಲಿ ಬಡವ ಅವನಿಗೆ ಗೆಳೆಯ, ನಶೆ ಇಳಿದರೆ ಗುರುತೇ ಇಲ್ಲ!

ಹಬ್ಬಕ್ಕೆ ದೋರನಹಳ್ಳಿಗೆ ಹೋದಾಗ ಅಪ್ಪ, ಅವ್ವನ ಜೊತೆ ಲ್ಯಾಪ್‌ಟಾಪಲ್ಲಿ ಈ ಸಿನಿಮಾ ನೋಡಿದೆ. ಮೆತ್ತನೆ ಹಾಸಿಗೆಯಲ್ಲಿ ನಾಯಕನಿಗೆ ನಿದ್ದೆ ಬರಲ್ಲ. ಅವನ ಹಳೇ ಕೋಣೆ ಪಕ್ಕ ಟಾಕೀಸು, ಫೈಟಿಂಗ್ ಸದ್ದು ರೂಢಿ. ಕೊನೆಗೆ ಆ ಸದ್ದನ್ನೇ ಟೇಪ್ ಮಾಡ್ಕೊಂಡು ಬಂದು, ಹಾಕ್ಕೊಂಡು ಮಲಗ್ತಾನೆ. ಅಪ್ಪ ನಗಲಿಲ್ಲ. “ಇದು ಖರೇ ಅದ. ಬೆಂಗಳೂರಾಗ ನಿನ್ನ ಮನ್ಯಾಗ ನನಗೂ ಹಿಂಗ ಆಗಿತ್ತು” ಅಂದ.

ಆಮೇಲೆ ಹೇಳಿದ ಮಾತು ನನ್ನನ್ನು ಇನ್ನೂ ಬಿಟ್ಟಿಲ್ಲ. “ಅಂವ ಬಾಯಿ ಬಿಟ್ಟಿಲ್ಲ, ಅದಕ್ಕ ಪಾರಾದ. ಒಂದು ಮಾತಾಡಿದ್ರ ಮೊದಲನೇ ದಿನಾನೇ ಗೊತ್ತಾಗ್ತಿತ್ತು.”

ನಿಜ ಅಲ್ವಾ? ಶರ್ಟು, ಶೂ, ಐಡಿ ಕಾರ್ಡು ಎಲ್ಲಾ ಇಎಂಐನಲ್ಲಾದರೂ ಸಿಗುತ್ತೆ. ಮಾತು ಮಾತ್ರ ಊರಿನದೇ. ನನ್ನ ಮೊದಲ ಕೆಲಸದಲ್ಲಿ “ಬರ್ತೀನ್ರೀ” ಅಂದಿದ್ದಕ್ಕೆ, “ಇನ್ನೊಂದ್ಸಲ ಹೇಳಿ” ಅಂತ ಕೇಳಿ ಇಡೀ ಟೀಮು ನಕ್ಕಿತ್ತು. ಯಾರಿಗೂ ಕೆಟ್ಟ ಮನಸ್ಸಿರಲಿಲ್ಲ. ಆದರೂ ಅವತ್ತಿನಿಂದ ಮೀಟಿಂಗಲ್ಲಿ ನಾನೂ ಮೂಕಿ ಸಿನಿಮಾನೇ. ಕೋಡ್ ಗೊತ್ತಿತ್ತು, ಉತ್ತರ ಗೊತ್ತಿತ್ತು, ಬಾಯಿ ಮಾತ್ರ ಬರ್ತಿರಲಿಲ್ಲ. ಆ ವರ್ಷ ಅಪ್ರೈಸಲ್‌ನಲ್ಲಿ ಬರೆದದ್ದು: ‘ಸಂವಹನ ಸುಧಾರಿಸಬೇಕು.’

ಸಿನಿಮಾದ ಕೊನೆಗೆ ನಾಯಕ ಶ್ರೀಮಂತನನ್ನು ಬಿಟ್ಟು, ತನ್ನ ಹುಡುಗಿಗೆ ನಿಜ ತಿಳಿಸಿ, ಮತ್ತೆ ಕೆಲಸದ ಕ್ಯೂನಲ್ಲಿ ನಿಲ್ತಾನೆ. ಅವಳು ಎಸೆದ ಹೂವಿನಲ್ಲಿದ್ದ ವಿಳಾಸದ ಚೀಟಿ ಚರಂಡಿ ಪಾಲು. ಆದರೂ ಅವನು ಈಗ ಯಾರ ಹಾಗೂ ನಟಿಸಬೇಕಿಲ್ಲ.

ಹೋದ ತಿಂಗಳು ನಮ್ಮ ಟೀಮಿಗೆ ಕಲಬುರಗಿ ಕಡೆ ಹುಡುಗಿಯೊಬ್ಬಳು ಸೇರಿದಳು. ಎರಡು ದಿನ ಬರೀ ತಲೆಯಾಡಿಸಿದಳು. ಮೂರನೇ ದಿನ ಕ್ಯಾಂಟೀನಲ್ಲಿ ಎಲ್ಲರೂ ಇದ್ದಾಗಲೇ ಕೇಳಿದೆ, “ಊಟ ಆತೇನ್ರೀ?”

ಅವಳು ಶುರು ಮಾಡಿದ ಮಾತು ಮುಗಿಯೋಕೆ ಅರ್ಧ ತಾಸು ಹಿಡಿಯಿತು.