ಅಪ್ಪುಗೂ ಹೆದರಿಕೆ ಇತ್ತು, ನನಗೂ ಇತ್ತು



ಶೇಂಗಾ ಗದ್ದೆಯಲ್ಲಿ ಇಲಿ ಕಾಟ ಶುರುವಾಗಿದೆ, ಅದರ ಬಗ್ಗೆ ಬರೀರಿ ಅಂತ ನಾಲ್ಕೈದು ಜನ ಕೇಳಿದ್ರಿ. ಬರೀತೇನೆ. ಆದ್ರೆ ಈ ಸಲ ಒಂದು ಸಿನಿಮಾ ದಾಟಿ ಗದ್ದೆಗೆ ಬರಬೇಕು. ಸ್ವಲ್ಪ ತಾಳ್ಮೆ ಇರಲಿ.

ನಮ್ಮ ಮನೆ ಓಂ ಬೀಚಿಗೆ ಹೋಗುವ ಗುಡ್ಡದ ಈಚೆ ಬದಿ. ಮಳೆಗಾಲದಲ್ಲಿ ಭತ್ತ, ಅದು ಕೊಯ್ದ ಮೇಲೆ ಶೇಂಗಾ, ಸ್ವಲ್ಪ ತರಕಾರಿ. 2022ರ ಕೊಯ್ಲು ಮುಗಿದ ಮೇಲೆ ಕೊಟ್ಟಿಗೆ ಪಕ್ಕದ ಹುಲ್ಲು ಕುತ್ರಿಯಿಂದ ಒಂದು ಉದ್ದದ ಹಾವು ಹೊರಗೆ ಬಂತು. ನಾನು ಎಂತದು ಅಂತಲೂ ನೋಡ್ಲಿಲ್ಲ. ಬಡಿಗೆ ತಗೊಂಡೆ, ಹೊಡೆದೆ. ಅದು ಅಲುಗಾಡೋದು ನಿಂತ ಮೇಲೆ ನಮ್ಮ ಅಪ್ಪ ಹತ್ರ ಬಂದು ನೋಡಿ, "ಕೆರೆಹಾವು ಮಾರಾಯ" ಅಂದ್ರು. ಅಷ್ಟೇ. ಮಗಳು ಬಾಗಿಲಲ್ಲಿ ನಿಂತು ನೋಡ್ತಾ ಇದ್ಲು. ಅವತ್ತು ರಾತ್ರಿ ನನ್ನ ಪಕ್ಕ ಊಟಕ್ಕೆ ಕೂರಲಿಲ್ಲ. ಆಗ ಅವಳು ಐದನೇ ಕ್ಲಾಸು.

ಮರುವರ್ಷ ಬೇಸಿಗೆ ರಜೆಯಲ್ಲಿ ಮನೆಮಂದಿಯೆಲ್ಲ ಕೂತು ಟಿವಿಯಲ್ಲಿ 'ಗಂಧದ ಗುಡಿ' ನೋಡಿದ್ವಿ. ಪುನೀತ್ ರಾಜ್‌ಕುಮಾರ್ ಅವರದ್ದು. ಅವರು ತೀರಿಹೋಗಿ ಒಂದು ವರ್ಷ ತುಂಬುವ ಹಿಂದಿನ ದಿನ, 2022ರ ಅಕ್ಟೋಬರ್ 28ಕ್ಕೆ, ಥಿಯೇಟರಿಗೆ ಬಂದ ಚಿತ್ರ. ನಿರ್ದೇಶನ ಅಮೋಘವರ್ಷ ಅವರದ್ದು. ಇದರಲ್ಲಿ ಅಪ್ಪು ಬೇರೆ ಯಾರದೋ ಪಾತ್ರ ಮಾಡಿಲ್ಲ, ಅಪ್ಪು ಆಗಿಯೇ ಕಾಡು ತಿರುಗ್ತಾರೆ. ಅರ್ಧ ಕಾಡಿನ ಸಾಕ್ಷ್ಯಚಿತ್ರ, ಅರ್ಧ ಕತೆಯ ಹಾಗೆ. ನಮ್ಮ ಮುರ್ಡೇಶ್ವರದ ಎದುರಿನ ನೇತ್ರಾಣಿ ನಡುಗಡ್ಡೆಯೂ ಬರುತ್ತೆ. ದಿನಾ ಸಮುದ್ರ ನೋಡಿ ಬೆಳೆದ ನಮಗೂ ಆ ನೀರಿನ ಅಡಿ ಎಂತ ಉಂಟು ಅಂತ ಗೊತ್ತಾದ್ದು ಹೀಗೆ ಕೂತು ನೋಡಿದಾಗ್ಲೇ.

ನಮ್ಮ ಅಪ್ಪ ಹಳೇ 'ಗಂಧದ ಗುಡಿ' ನೋಡಿದವರು. ಅದು 1973ರದ್ದು, ಡಾ. ರಾಜ್ ಅರಣ್ಯಾಧಿಕಾರಿ ಆಗಿದ್ದ ಚಿತ್ರ. ವನ್ಯಜೀವಿ ಕಾಯ್ದೆ ಬಂದದ್ದು 1972ರಲ್ಲಿ, ಅದರ ಮರುವರ್ಷವೇ ಆ ಸಿನಿಮಾ. ಅದು ಪೂರಾ ಕತೆ ಅಂತ ಅಪ್ಪನಿಗೆ ಗೊತ್ತು. ಇದನ್ನ ನೋಡಿ ಮಾತ್ರ ಗೊಂದಲ ಆಯ್ತು. "ಇದು ಖರೇನೋ, ನಟನೆಯೋ?" ಅಂತ ಎರಡು ಸಲ ಕೇಳಿದ್ರು.

ನಾನೂ ಯೋಚನೆ ಮಾಡಿದೆ. ಎಲ್ಲಿ ಹೋಗಬೇಕು, ಕ್ಯಾಮೆರಾ ಎಲ್ಲಿ ಇಡಬೇಕು ಅಂತ ಮೊದಲೇ ಮಾತಾಡಿಕೊಂಡೇ ಇರ್ತಾರೆ. ಆದ್ರೆ ಪ್ರಾಣಿಗೆ ಡೈಲಾಗ್ ಹೇಳಿಕೊಡೋಕೆ ಆಗೋದಿಲ್ಲ. ಇದೇ ಅಮೋಘವರ್ಷ, ಕಲ್ಯಾಣ್ ವರ್ಮಾ ಸೇರಿ ಮಾಡಿದ 'ವೈಲ್ಡ್ ಕರ್ನಾಟಕ' ಒಂದು ಗಂಟೆಯೂ ಇಲ್ಲ, ಅದಕ್ಕೆ ನಾಲ್ಕು ವರ್ಷ ಹಿಡೀತಂತೆ. ಮಾಳದಲ್ಲಿ ಕೂತು ಹಂದಿ ಕಾದವರಿಗೆ ಇದು ಅರ್ಥ ಆಗುತ್ತೆ. ಒಂಬತ್ತು ರಾತ್ರಿ ಎಂತದೂ ಬರೋದಿಲ್ಲ, ಹತ್ತನೇ ರಾತ್ರಿ ನಾವು ನಿದ್ದೆ ಹೋದಾಗ ಗದ್ದೆ ಖಾಲಿ. ಸಿನಿಮಾದವರು ಆ ಒಂಬತ್ತು ರಾತ್ರಿ ಕತ್ತರಿಸಿ ಹಾಕ್ತಾರೆ. ಕತೆ ಆಗೋದು ಅಲ್ಲೇ.

ಹಾವಿನ ಮಾತು ಬಂತು. ತನಗೆ ಹಾವು ಅಂದ್ರೆ ಹೆದರಿಕೆ ಅಂತ ಅಪ್ಪು ಮುಚ್ಚಿಡದೆ ಹೇಳ್ತಾರೆ. ಮಗಳು ಟಿವಿ ಬಿಟ್ಟು ನನ್ನ ಮುಖ ನೋಡಿದ್ಲು. "ಅಪ್ಪಾ, ಅಪ್ಪುಗೂ ಹೆದ್ರಿಕೆಯಂತೆ. ಆದ್ರೂ ಅವ್ರು ಹೊಡೀಲಿಲ್ಲ ನೋಡು." ನಾನು ನೀರು ಕುಡಿಯೋ ನೆಪ ಮಾಡಿ ಎದ್ದು ಹೋದೆ.

ಈಗ ಗದ್ದೆಗೆ ಬರ್ತೇನೆ. ಮೊನ್ನೆ ಶೇಂಗಾ ಗದ್ದೆಯ ಹಾಳಿ ಮೇಲೆ ಹೊಸ ಬಿಲ ನೋಡ್ತಾ ಇದ್ದೆ. ಕಾಲ ಹತ್ರವೇ ಕೆರೆಹಾವು. ಕೈ ತಾನಾಗೇ ಬಡಿಗೆ ಹುಡುಕ್ತು, ಸುಳ್ಳು ಹೇಳೋದಿಲ್ಲ. ಎದೆ ಹೊಡ್ಕೊಳ್ತಾ ಇತ್ತು. ಎರಡು ಹೆಜ್ಜೆ ಹಿಂದೆ ಬಂದು ನಿಂತೆ. ಅದು ನನ್ನ ಕಡೆ ತಿರುಗಿಯೂ ನೋಡದೆ ಸೀದಾ ಇಲಿ ಬಿಲಕ್ಕೆ ಹೊಕ್ತು. ನಾವು ದುಡ್ಡು ಕೊಟ್ಟು ಪಾಷಾಣ ತಂದು ಮಾಡೋ ಕೆಲಸವನ್ನ ಅದು ಸಂಬಳ ಇಲ್ಲದೆ ಮಾಡ್ತಾ ಇತ್ತು. ಅವತ್ತು ಹೊಡೆದದ್ದೂ ಇಂಥದ್ದೇ ಒಂದನ್ನ. ಆ ವರ್ಷ ಮನೆಯಲ್ಲಿಟ್ಟ ಶೇಂಗಾ ಬೀಜದ ಚೀಲವನ್ನ ಇಲಿ ಕಡಿದು ಹಾಕಿತ್ತು. ಒಂದು ಹಾವಿಗೂ ಒಂದು ಚೀಲಕ್ಕೂ ಲೆಕ್ಕ ಕೂಡಿಸೋಕೆ ಆಗೋದಿಲ್ಲ ಅಂತ ಗೊತ್ತು. ಆದ್ರೂ ಮನಸ್ಸು ಕೂಡಿಸ್ತಾ ಇರುತ್ತೆ.

ಒಂದು ಮಾತು ಸ್ಪಷ್ಟವಾಗಿ ಹೇಳ್ತೇನೆ. ಸಿನಿಮಾ ನೋಡಿ ಹಾವಿನ ಹತ್ರ ಹೋಗಬೇಡಿ. ಅಪ್ಪು ಪಕ್ಕ ಬಲ್ಲವರು ಇದ್ರು. ಕೆರೆಹಾವಿಗೆ ವಿಷ ಇಲ್ಲ, ಆದ್ರೆ ಗಡಿಬಿಡಿಯಲ್ಲಿ ನಾಗರಹಾವಿಗೂ ಅದಕ್ಕೂ ವ್ಯತ್ಯಾಸ ತಿಳಿಯೋದಿಲ್ಲ. ಮನೆ ಒಳಗೆ ಬಂದ್ರೆ ಅರಣ್ಯ ಇಲಾಖೆಗೋ ಹಾವು ಹಿಡಿಯುವವರಿಗೋ ಫೋನ್ ಮಾಡಿ. ಕಚ್ಚಿದ್ರೆ ಬಿಗಿಯಾಗಿ ಕಟ್ಟಬೇಡಿ, ಕೊಯ್ಯಬೇಡಿ, ಸೀದಾ ಆಸ್ಪತ್ರೆ. ಪಾಷಾಣ ಹಾಕೋದಿದ್ರೂ ನೋಡಿ ಹಾಕಿ. ಅದು ತಿಂದ ಇಲಿಯನ್ನ ಹಾವೋ ಗೂಬೆಯೋ ತಿಂದ್ರೆ ಅದಕ್ಕೂ ಅಪಾಯ.

ಸಿನಿಮಾದ ಮೇಲೆ ನನ್ನದೊಂದು ತಕರಾರು ಉಂಟು. ಪರದೆ ಮೇಲಿನ ಮಂಗಕ್ಕೆ ನಾವು ನಗ್ತೇವೆ, ತೋಟದಲ್ಲಿ ಅದೇ ಮಂಗ ಎಳನೀರು ಉದುರಿಸಿದ್ರೆ ಕಲ್ಲು ಹುಡುಕ್ತೇವೆ. ಕಾಡಿನ ಕತೆ ಹೇಳುವವರು ಒಂದು ಸಲ ಕಾಡಿನ ಅಂಚಿನ ಗದ್ದೆಗೂ ಕ್ಯಾಮೆರಾ ತರಬೇಕು. ನಮ್ಮ ನಷ್ಟವೂ ಆ ಕತೆಯದ್ದೇ ಭಾಗ.

ಸಂಜೆ ಮಗಳಿಗೆ ಹಾವಿನ ವಿಷಯ ಹೇಳಿದೆ. "ಹೆದ್ರಿಕೆ ಆಯ್ತಾ?" ಅಂತ ಕೇಳಿದ್ಲು. ಆಯ್ತು ಅಂದೆ. ಮಾತಾಡದೆ ತಟ್ಟೆ ತಗೊಂಡು ಬಂದು ಪಕ್ಕದಲ್ಲಿ ಕೂತ್ಲು.

ನಿಮ್ಮ ಗದ್ದೆಯಲ್ಲಿ ಈ ವರ್ಷ ಕೆರೆಹಾವು ಕಾಣ್ತಾ ಉಂಟಾ? ಇಲಿ ಎಷ್ಟು? ಕೆಳಗೆ ಬರೀರಿ.